ಹಳೆಯ ಕಂಪ್ಯೂಟರಿನಿಂದ ತಂದ ಪ್ಲಗಿನ್‌ಗಳು ಹೊಸ ಲ್ಯಾಪ್‌ಟಾಪಿನಲ್ಲಿ ಕಾಣಿಸುತ್ತಿಲ್ಲ. ಡಿಎಲ್‌ಎಲ್ ಫೈಲ್ ಇಲ್ಲವೆಂಬ ಸಂದೇಶ ಬರುತ್ತಿದೆ

ಅಘನಾಶಿನಿ, ಕುಮಟಾ:

ಎಲ್ಲರಿಗೂ ನಮಸ್ಕಾರ. ನಮ್ಮ ಸುತ್ತಿನ ತಾಳಮದ್ದಳೆ ಕೂಟಗಳನ್ನು ಧ್ವನಿಮುದ್ರಿಸಿಕೊಂಡು, ಆಡಾಸಿಟಿ ಎಂಬ ಧ್ವನಿ ಸಂಪಾದನೆಯ ತಂತ್ರಾಂಶದಲ್ಲಿ ತಿದ್ದಿ, ಆಸಕ್ತರಿಗೆ ಹಂಚುವ ಹವ್ಯಾಸ ನನ್ನದು. ಕೂಟಗಳು ಹೆಚ್ಚಾಗಿ ಮಳೆಗಾಲದಲ್ಲಿಯೇ ನಡೆಯುವುದರಿಂದ ಹೆಂಚಿನ ಮೇಲೆ ಸುರಿಯುವ ಮಳೆಯ ಸದ್ದು ಅರ್ಥಧಾರಿಗಳ ಮಾತಿನೊಳಗೆ ಬೆರೆತುಬಿಡುತ್ತದೆ. ಅದನ್ನು ತಗ್ಗಿಸಲು, ಆಡಾಸಿಟಿಯೊಳಗೆ ಸೇರಿಕೊಂಡು ಕೆಲಸ ಮಾಡುವ ಐದು ಪ್ಲಗಿನ್‌ಗಳನ್ನೂ ಪ್ರತ್ಯೇಕವಾದ ಒಂದು ಹಳೆಯ ತಂತ್ರಾಂಶವನ್ನೂ ಬಳಸುತ್ತಿದ್ದೆ. ವಿಂಡೋಸ್ 7 ಇದ್ದ ಆ ಕಂಪ್ಯೂಟರ್ ಕೈಕೊಟ್ಟಿತು. ಅದರ ಹಾರ್ಡ್ ಡಿಸ್ಕಿನಿಂದ ಎಲ್ಲ ಫೋಲ್ಡರ್‌ಗಳನ್ನೂ ಪೆನ್‌ಡ್ರೈವ್‌ಗೆ ಹಾಕಿಕೊಂಡು ವಿಂಡೋಸ್ 11 ಇರುವ ಹೊಸ ಲ್ಯಾಪ್‌ಟಾಪಿಗೆ ತಂದಿದ್ದೇನೆ.

ಈಗ ಐದು ಪ್ಲಗಿನ್‌ಗಳಲ್ಲಿ ಒಂದೂ ಆಡಾಸಿಟಿಯ ಪಟ್ಟಿಯಲ್ಲಿ ಕಾಣುವುದಿಲ್ಲ. ಪ್ರತ್ಯೇಕ ತಂತ್ರಾಂಶವನ್ನು ತೆರೆಯಲು ಹೋದರೆ ‘ಎಂಎಸ್‌ವಿಸಿಪಿ120.ಡಿಎಲ್‌ಎಲ್’ ಎಂಬ ಫೈಲ್ ಇಲ್ಲವೆಂದು ಹೇಳಿತು. ಅಂತರಜಾಲದಲ್ಲಿ ಹುಡುಕಿದಾಗ ಅದೊಂದೇ ಫೈಲನ್ನು ಕೊಡುವ ಒಂದು ತಾಣ ಸಿಕ್ಕಿತು. ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಹಾಕಿದೆ, ಸಂದೇಶ ಹೋಗಲಿಲ್ಲ. ಅದೇ ಫೈಲನ್ನು ತಂತ್ರಾಂಶದ ಸ್ವಂತ ಫೋಲ್ಡರಿಗೂ ಹಾಕಿದ ಮೇಲೆ ಸಂದೇಶ ಬದಲಾಗಿ, 0xc000007b ಎಂಬ ಸಂಖ್ಯೆ ತೋರಿಸಿ ನಿಂತುಬಿಡುತ್ತದೆ. ಇದು ಏನು, ಎಲ್ಲಿ ತಪ್ಪಿದ್ದೇನೆ ಎಂದು ತಿಳಿದವರು ವಿವರಿಸಿದರೆ ಉಪಕಾರವಾಗುತ್ತದೆ.

ಬಂಡಲಘಾಟ್, ಶಿರಸಿ:

ಅಘನಾಶಿನಿಯವರೇ, ನಮಸ್ಕಾರ. ಶಿರಸಿಯಲ್ಲಿ ಕಂಪ್ಯೂಟರ್ ರಿಪೇರಿಯೇ ನನ್ನ ಕಸುಬು. ಅಡಿಕೆ ವ್ಯಾಪಾರದ ಲೆಕ್ಕದ ತಂತ್ರಾಂಶ ಏಳುತ್ತಿಲ್ಲವೆಂದು ಬರುವವರೂ ಬಹುತೇಕ ಇದೇ ಸಂದೇಶವನ್ನು ಫೋನಿನಲ್ಲಿ ಚಿತ್ರ ಹೊಡೆದುಕೊಂಡು ಬಂದಿರುತ್ತಾರೆ. ಸ್ವಲ್ಪ ದೀರ್ಘವಾಗಿ ಬರೆಯುತ್ತೇನೆ.

ಡಿಎಲ್‌ಎಲ್ ಎಂದರೆ ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಸಿದ್ಧ ಕೋಡಿನ ಭಂಡಾರ. ನಿಮ್ಮ ಕ್ಷೇತ್ರದ ಮಾತಿನಲ್ಲಿಯೇ ಹೇಳುವುದಾದರೆ, ಕೂಟದಲ್ಲಿ ಅರ್ಥಧಾರಿಗಳು ಆರು ಜನ ಇದ್ದರೂ ಭಾಗವತರು, ಮದ್ದಳೆಯವರು ಒಬ್ಬೊಬ್ಬರೇ. ಒಬ್ಬೊಬ್ಬ ಅರ್ಥಧಾರಿ ತನ್ನ ಹಿಮ್ಮೇಳವನ್ನು ತಾನೇ ಕಟ್ಟಿಕೊಂಡು ಬರುವುದಿಲ್ಲ. ತಂತ್ರಾಂಶ ಬರೆದವರೂ ಹಾಗೆಯೇ, ಅಕ್ಷರ ಜೋಡಿಸುವುದು, ಲೆಕ್ಕ ಮಾಡುವುದು ಮುಂತಾದ ಸಾಮಾನ್ಯ ಕೆಲಸಗಳ ಕೋಡನ್ನು ಮತ್ತೆ ಬರೆಯದೆ ಡಿಎಲ್‌ಎಲ್‌ನಲ್ಲಿ ಇರುವುದನ್ನು ಕರೆಯುತ್ತಾರೆ. ಪ್ಲಗಿನ್ ಕೂಡ ಬೇರೆ ಜಾತಿಯದಲ್ಲ. ವಿಎಸ್‌ಟಿ ಎಂಬುದು ಧ್ವನಿ ಪ್ಲಗಿನ್‌ಗಳ ಒಂದು ಮಾದರಿ. ಹಳೆಯ ವಿಎಸ್‌ಟಿ2 ಪ್ಲಗಿನ್‌ಗಳ ಫೈಲ್ ಹೆಸರೇ ಡಿಎಲ್‌ಎಲ್ ಎಂದು ಮುಗಿಯುತ್ತದೆ. ವಿಎಸ್‌ಟಿ3 ಎಂದು ಮುಗಿಯುವವುಗಳ ಒಳಗೂ ವಿಂಡೋಸಿನಲ್ಲಿ ಇರುವುದು ಡಿಎಲ್‌ಎಲ್ಲೇ. ಆ ಪ್ಲಗಿನ್ ಮತ್ತೆ ಬೇರೆ ಡಿಎಲ್‌ಎಲ್‌ಗಳನ್ನು ಕರೆಯಬಹುದು.

ನಿಮ್ಮ ತಂತ್ರಾಂಶ ಕೇಳಿದ ಫೈಲು ಒಂಟಿಯಾಗಿ ಓಡಾಡುವಂಥದ್ದಲ್ಲ. ಅದು ಮೈಕ್ರೋಸಾಫ್ಟಿನ ವಿಷುಯಲ್ ಸಿ++ 2013ರ ರೀಡಿಸ್ಟ್ರಿಬ್ಯೂಟಬಲ್ ಎಂಬ ಪ್ಯಾಕೇಜಿನ ಒಂದು ಸದಸ್ಯ. ಹೆಸರಿನ ಕೊನೆಯ ಸಂಖ್ಯೆಯಿಂದಲೇ ಮನೆತನವನ್ನು ಗುರುತಿಸಬಹುದು: 100 ಇದ್ದರೆ 2010ರದು, 110 ಇದ್ದರೆ 2012ರದು, 120 ಇದ್ದರೆ 2013ರದು, 140 ಇದ್ದರೆ 2015 ಮತ್ತು ನಂತರದ ಆವೃತ್ತಿಗಳ ಒಟ್ಟು ಪ್ಯಾಕೇಜಿನದು. 2015ರ ನಂತರದವುಗಳಿಗೆ ಒಂದೇ ಪ್ಯಾಕೇಜು ಸಾಕಾಗುತ್ತದೆ. ಆದರೆ ಅದು 2013ರ ಪ್ಯಾಕೇಜಿನ ಕೆಲಸವನ್ನು ಮಾಡುವುದಿಲ್ಲ. ತಂತ್ರಾಂಶವನ್ನು ಇನ್‌ಸ್ಟಾಲ್ ಮಾಡಿದ್ದರೆ ಅದರ ಸೆಟಪ್ಪೇ ಸಾಮಾನ್ಯವಾಗಿ ಈ ಪ್ಯಾಕೇಜನ್ನೂ ಹಾಕಿಕೊಡುತ್ತಿತ್ತು. ನೀವು ಫೋಲ್ಡರನ್ನು ಮಾತ್ರ ನಕಲು ಮಾಡಿದ್ದರಿಂದ ಅದು ಹಳೆಯ ಕಂಪ್ಯೂಟರಿನಲ್ಲಿಯೇ ಉಳಿಯಿತು.

ಇನ್ನು 0xc000007b. ಪ್ರೊಸೆಸರ್ ಒಮ್ಮೆಗೆ ನಿಭಾಯಿಸುವ ಮಾಹಿತಿಯ ಅಳತೆಗೆ ತಕ್ಕಂತೆ ತಂತ್ರಾಂಶಗಳಲ್ಲಿ 32 ಬಿಟ್, 64 ಬಿಟ್ ಎಂದು ಎರಡು ಬಗೆ. ಇದು ಬಹುಮಟ್ಟಿಗೆ ಆ ಎರಡು ಬಗೆಗಳು ಒಂದಕ್ಕೊಂದು ಬೆರೆತಾಗ ಬರುವ ಸಂಖ್ಯೆ. ನಿಮ್ಮ ಹಳೆಯ ತಂತ್ರಾಂಶ 32 ಬಿಟ್‌ನದು, ತಾಣದಿಂದ ಇಳಿಸಿದ ಫೈಲು 64 ಬಿಟ್‌ನದು ಎಂದು ನನ್ನ ಊಹೆ. ವಿಂಡೋಸಿನ ಒಂದು ವಿಚಿತ್ರವನ್ನು ಇಲ್ಲಿ ನೆನಪಿಡಬೇಕು: 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲುಗಳು, ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿ ಇರುವುದು 32 ಬಿಟ್ ಫೈಲುಗಳು. ಹೆಸರಿಟ್ಟವರನ್ನು ಬೈಯಬೇಡಿ, ಹಳೆಯ ತಂತ್ರಾಂಶಗಳು ಕೆಡದಿರಲೆಂದು ಹಳೆಯ ಹೆಸರನ್ನೇ ಉಳಿಸಿಕೊಂಡರು. 32 ಬಿಟ್ ತಂತ್ರಾಂಶ ಸಿಸ್ಟಮ್32 ಎಂದು ಕೇಳಿದರೂ ವಿಂಡೋಸ್ ಅದನ್ನು ಸದ್ದಿಲ್ಲದೆ ಇನ್ನೊಂದು ಫೋಲ್ಡರಿಗೆ ಕಳುಹಿಸುತ್ತದೆ. ನೀವು ಮೊದಲು ಹಾಕಿದ ಫೈಲು ಅದರ ಕಣ್ಣಿಗೆ ಬೀಳದೇ ಇದ್ದುದಕ್ಕೆ ಇದೇ ಕಾರಣ. ತಂತ್ರಾಂಶವು ಎಲ್ಲಕ್ಕಿಂತ ಮೊದಲು ತನ್ನ ಸ್ವಂತ ಫೋಲ್ಡರಿನಲ್ಲಿ ಹುಡುಕುವುದರಿಂದ, ಅಲ್ಲಿ ಹಾಕಿದಾಗ ಮಾತ್ರ ಫೈಲು ಸಿಕ್ಕಿತು, ಸಿಕ್ಕಿದ್ದು ಹೊಂದಲಿಲ್ಲ.

ಫೈಲು ಯಾವ ಬಿಟ್‌ನದು ಎಂದು ನೋಡಲು ಬೇರೆ ಉಪಕರಣ ಬೇಕಿಲ್ಲ. ಅದರ ಒಂದು ಪ್ರತಿಯನ್ನು ನೋಟ್‌ಪ್ಯಾಡಿನಲ್ಲಿ ತೆರೆಯಿರಿ. ಕಸದಂತೆ ಕಾಣುವ ಅಕ್ಷರಗಳ ನಡುವೆ, ಆರಂಭದ ಕೆಲವು ಸಾಲುಗಳೊಳಗೇ, ಇಂಗ್ಲಿಷಿನ ‘ಪಿ’, ‘ಇ’ ಎಂಬ ಎರಡು ದೊಡ್ಡಕ್ಷರಗಳು ಜೊತೆಯಾಗಿ ಸಿಗುತ್ತವೆ. ಅವುಗಳ ನಂತರ, ಸ್ವಲ್ಪ ತೆರವಿನ ಆಚೆ, ದೊಡ್ಡ ‘ಎಲ್’ ಇದ್ದರೆ 32 ಬಿಟ್. ಚಿಕ್ಕ ‘ಡಿ’ ಇದ್ದರೆ 64 ಬಿಟ್. ನೋಡಿ ಮುಚ್ಚಿಬಿಡಿ, ಉಳಿಸಲು ಹೋಗಬೇಡಿ.

ಕೊನೆಗೆ ಒಂದು ಪ್ರಶ್ನೆ: ಸಿಸ್ಟಮ್32ಕ್ಕೆ ಫೈಲು ಹಾಕುವಾಗ ‘ಅದೇ ಹೆಸರಿನದು ಇದೆ, ಬದಲಿಸಲೇ’ ಎಂದು ವಿಂಡೋಸ್ ಕೇಳಿತ್ತೇ?

ದೇವಬಾಗ, ಕಾರವಾರ:

ಇಷ್ಟೆಲ್ಲ ಏಕೆ? ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ ಎಂದು ಕೊಟ್ಟರೆ ವಿಂಡೋಸೇ ಸರಿಪಡಿಸಿಕೊಳ್ಳುತ್ತದೆ. ಆಗದಿದ್ದರೆ ಫೈಲನ್ನು ‘ರೆಗ್‌ಎಸ್‌ವಿಆರ್32’ ಮೂಲಕ ನೋಂದಾಯಿಸಿರಿ. ನನಗೆ ಒಮ್ಮೆ ಇದರಿಂದಲೇ ಸರಿಯಾಗಿತ್ತು.

ಬಂಡಲಘಾಟ್, ಶಿರಸಿ:

ದೇವಬಾಗದವರೇ, ನಿಮಗೆ ಸರಿಯಾಗಿದ್ದು ವಿಂಡೋಸಿನದೇ ಆದ ಫೈಲು ಕೆಟ್ಟಿದ್ದರಿಂದ ಇರಬೇಕು. ಎಸ್‌ಎಫ್‌ಸಿ ಪರೀಕ್ಷಿಸುವುದು ವಿಂಡೋಸ್ ತನ್ನದೆಂದು ಕಾಯುವ ಫೈಲುಗಳನ್ನು ಮಾತ್ರ. 2013ರ ಪ್ಯಾಕೇಜು ಆ ಲೆಕ್ಕದಲ್ಲಿ ಬರುವುದಿಲ್ಲವಾದ್ದರಿಂದ ಅರ್ಧ ಗಂಟೆ ಕಾದರೂ ದೋಷವೇನೂ ಇಲ್ಲವೆಂದೇ ಅದು ಹೇಳಬಹುದು. ರೆಗ್‌ಎಸ್‌ವಿಆರ್32 ಬೇಕಾಗುವುದು ನೋಂದಣಿಯ ವ್ಯವಸ್ಥೆಯನ್ನು ತನ್ನೊಳಗೇ ಇಟ್ಟುಕೊಂಡ ಕೆಲವು ಡಿಎಲ್‌ಎಲ್‌ಗಳಿಗೆ. ಇದಕ್ಕೆ ಕೊಟ್ಟರೆ, ಪ್ರವೇಶಸ್ಥಾನ ಸಿಗಲಿಲ್ಲವೆಂಬ ಹೊಸ ಸಂದೇಶ ಬಂದು, ಪಾಪ, ಅವರು ಇನ್ನಷ್ಟು ಗಾಬರಿಯಾಗುತ್ತಾರೆ.

ಅಘನಾಶಿನಿ, ಕುಮಟಾ:

ಬದಲಿಸಲೇ ಎಂದು ಕೇಳಿರಲಿಲ್ಲ, ನೇರವಾಗಿ ಹೋಯಿತು. ನೋಟ್‌ಪ್ಯಾಡಿನ ಪರೀಕ್ಷೆ ಮಾಡಿದೆ. ತಾಣದಿಂದ ಇಳಿಸಿದ್ದರಲ್ಲಿ ‘ಡಿ’ ಇದೆ, ತಂತ್ರಾಂಶದಲ್ಲಿ ‘ಎಲ್’ ಇದೆ. ನಿಮ್ಮ ಊಹೆ ಸರಿ. ಐದೂ ಪ್ಲಗಿನ್‌ಗಳಲ್ಲಿ ‘ಎಲ್’.

ಬಂಡಲಘಾಟ್, ಶಿರಸಿ:

ಕೇಳದೇ ಇದ್ದುದು ಒಳ್ಳೆಯದಾಯಿತು. ಅಲ್ಲಿ ಮೊದಲು ಆ ಹೆಸರಿನ ಫೈಲು ಇರಲಿಲ್ಲ, ನೀವು ಯಾವುದನ್ನೂ ಅಳಿಸಿಲ್ಲ ಎಂದಾಯಿತು. ಎರಡೂ ಕಡೆಗಳಿಂದ ಅದನ್ನು ತೆಗೆದು, ಒಮ್ಮೆ ಪೂರ್ತಿ ವೈರಸ್ ಪರೀಕ್ಷೆ ನಡೆಸಿರಿ. ಒಂದೊಂದೇ ಡಿಎಲ್‌ಎಲ್ ಹಂಚುವ ತಾಣಗಳ ಫೈಲನ್ನು ಯಾರು ಮುಟ್ಟಿದ್ದಾರೆಂದು ಹೇಳಲು ಬರುವುದಿಲ್ಲ.

ನಂತರ ಮೈಕ್ರೋಸಾಫ್ಟಿನ ಸ್ವಂತ ತಾಣದಿಂದಲೇ 2013ರ ಪ್ಯಾಕೇಜನ್ನು ಇಳಿಸಿಕೊಳ್ಳಿರಿ. ಎಕ್ಸ್86 ಎಂಬುದು 32 ಬಿಟ್‌ನದು, ಎಕ್ಸ್64 ಎಂಬುದು 64 ಬಿಟ್‌ನದು. ಲ್ಯಾಪ್‌ಟಾಪ್ 64 ಬಿಟ್‌ನದೆಂದು ಎಕ್ಸ್64 ಒಂದನ್ನೇ ಹಾಕುವುದು ಎಲ್ಲರೂ ಮಾಡುವ ತಪ್ಪು. ನೋಡಬೇಕಾದದ್ದು ತಂತ್ರಾಂಶದ ಬಿಟ್ಟನ್ನು. ಎರಡನ್ನೂ ಹಾಕಿದರೆ ತೊಂದರೆ ಇಲ್ಲ, ಒಂದೊಂದೂ ಹತ್ತು ಎಂಬಿಗಿಂತ ಕಡಿಮೆ.

ಪ್ಲಗಿನ್‌ಗಳ ಕಥೆ ಬೇರೆ. ನಿಮ್ಮ ಹೊಸ ಆಡಾಸಿಟಿ 64 ಬಿಟ್‌ನದಾಗಿದ್ದರೆ 32 ಬಿಟ್ ಪ್ಲಗಿನ್ ಅದರೊಳಗೆ ಬರುವುದೇ ಇಲ್ಲ, ಯಾವ ಪ್ಯಾಕೇಜು ಹಾಕಿದರೂ ಬರುವುದಿಲ್ಲ. ಪ್ಲಗಿನ್ ತಯಾರಿಸಿದವರಲ್ಲಿ 64 ಬಿಟ್ ಆವೃತ್ತಿ ಸಿಗುತ್ತದೆಯೇ ನೋಡಿರಿ. ಸಿಗದಿದ್ದರೆ ಆಡಾಸಿಟಿಯ 32 ಬಿಟ್ ಆವೃತ್ತಿಯನ್ನು ಹಾಕಿಕೊಳ್ಳುವುದೇ ದಾರಿ. ಅಂದ ಹಾಗೆ, ಎಂಪಿ3 ಮಾಡಲು ‘ಲೇಮ್’ ಡಿಎಲ್‌ಎಲ್ ಬೇರೆಯಾಗಿ ತರಬೇಕೆಂದು ಹಳೆಯ ಬರಹಗಳಲ್ಲಿ ಓದಿದ್ದರೆ ಮರೆತುಬಿಡಿ. 2019ರಲ್ಲಿ ಬಂದ 2.3.2 ಆವೃತ್ತಿಯಿಂದ ಅದು ಆಡಾಸಿಟಿಯ ಒಳಗೇ ಇದೆ.

ದೇವಬಾಗ, ಕಾರವಾರ:

ತಿದ್ದಿದ್ದಕ್ಕೆ ಧನ್ಯವಾದಗಳು. ಒಂದು ಮಾತು ಸೇರಿಸುತ್ತೇನೆ: ಫೈಲು ಕಣ್ಣೆದುರಿಗೇ ಇದ್ದರೂ ‘ಮಾಡ್ಯೂಲ್ ಸಿಗಲಿಲ್ಲ’ ಎಂದು 126ನೇ ಸಂಖ್ಯೆಯ ದೋಷ ಬಂದರೆ, ಇಲ್ಲದೇ ಇರುವುದು ಆ ಫೈಲಲ್ಲ, ಅದು ಕರೆಯುವ ಇನ್ನೊಂದು ಡಿಎಲ್‌ಎಲ್ ಎಂದು ತಿಳಿಯಬೇಕು. ‘ಡಿಪೆಂಡೆನ್ಸೀಸ್’ ಎಂಬ ಉಚಿತ ಉಪಕರಣದಲ್ಲಿ ಪ್ಲಗಿನ್ ತೆರೆದರೆ ಯಾವುದು ಕೊರತೆಯೆಂದು ಕಾಣಿಸುತ್ತದೆ. ಆಂಟಿವೈರಸ್ ಏನನ್ನಾದರೂ ಎತ್ತಿಟ್ಟಿದೆಯೇ ಎಂದು ವಿಂಡೋಸ್ ಸೆಕ್ಯುರಿಟಿಯ ಪ್ರೊಟೆಕ್ಷನ್ ಹಿಸ್ಟರಿಯಲ್ಲಿಯೂ ನೋಡಿರಿ.

ಅಘನಾಶಿನಿ, ಕುಮಟಾ:

ಎರಡು ದಿನ ಕರೆಂಟು ಸರಿ ಇರಲಿಲ್ಲ, ಉತ್ತರ ತಡವಾಯಿತು. ಎಕ್ಸ್86 ಪ್ಯಾಕೇಜು ಹಾಕುತ್ತಿದ್ದಂತೆ ಹಳೆಯ ತಂತ್ರಾಂಶ ಎದ್ದಿತು. ಮೂರು ಪ್ಲಗಿನ್‌ಗಳಿಗೆ 64 ಬಿಟ್ ಆವೃತ್ತಿ ಸಿಕ್ಕಿತು. ಅವುಗಳಲ್ಲಿ ಒಂದು ಪಟ್ಟಿಗೆ ಬರಲಿಲ್ಲ. ದೇವಬಾಗದವರು ಹೇಳಿದ ಉಪಕರಣದಲ್ಲಿ ನೋಡಿದಾಗ 140ರ ಮನೆತನದ ಫೈಲೊಂದು ಇಲ್ಲವೆಂದು ತೋರಿಸಿತು, ಆ ಪ್ಯಾಕೇಜಿನ ಎಕ್ಸ್64 ಹಾಕಿದ ಮೇಲೆ ಅದೂ ಬಂದಿತು. ಉಳಿದ ಎರಡನ್ನು ತಯಾರಿಸಿದವರ ತಾಣವೇ ಈಗ ಇಲ್ಲ. ಅವುಗಳಿಗಾಗಿ 32 ಬಿಟ್ ಆಡಾಸಿಟಿಯನ್ನು ಬೇರೆ ಫೋಲ್ಡರಿನಲ್ಲಿ ಇಟ್ಟುಕೊಳ್ಳುತ್ತೇನೆ. ಈ ಪ್ಯಾಕೇಜುಗಳ ಸೆಟಪ್ಪನ್ನು ಈ ಬಾರಿ ಪೆನ್‌ಡ್ರೈವ್‌ನಲ್ಲಿ ಪ್ಲಗಿನ್‌ಗಳ ಪಕ್ಕದಲ್ಲಿಯೇ ಹಾಕಿಟ್ಟಿದ್ದೇನೆ.