ಗಿಟಾರ್ ಫ್ರೆಟ್‌ಗಳ ಅಂತರ ಒಂದೇ ಸಮ ಯಾಕಿಲ್ಲ?

ಪ್ರಶ್ನೆ: ಅಳತೆಪಟ್ಟಿಯ ಸ್ಕೇಲ್‌ನಲ್ಲಿ ಗೆರೆಗಳು ಸಮ ದೂರದಲ್ಲಿವೆ. ಸಂಗೀತದ ಸ್ಕೇಲ್‌ನಲ್ಲೂ 12 ಮೆಟ್ಟಿಲು ಸಮ ಅಂತಾರೆ. ಹಾಗಾದರೆ ಬ್ರಿಡ್ಜ್ (ಗಿಟಾರಿನ ಒಡಲ ಮೇಲೆ ತಂತಿಗಳನ್ನು ಹಿಡಿದಿಡುವ ಭಾಗ) ಕಡೆ ಹೋದಂತೆ ಫ್ರೆಟ್‌ಗಳು (ಕತ್ತಿನ ಮೇಲಿನ ಅಡ್ಡ ಲೋಹದ ಗೆರೆಗಳು) ಒತ್ತೊತ್ತಾಗುವುದೇಕೆ?

ಉತ್ತರ 1: ಪಟ್ಟಿಯಲ್ಲಿ ಸಮವಾಗಿರುವುದು ವ್ಯತ್ಯಾಸ, ಸ್ವರಗಳಲ್ಲಿ ಸಮವಾಗಿರುವುದು ಅನುಪಾತ. ಪ್ರತಿ ಮೆಟ್ಟಿಲಿಗೂ ಕಂಪನಾಂಕ ಸುಮಾರು 1.0595 ಪಟ್ಟು ಏರುತ್ತದೆ. 12 ಮೆಟ್ಟಿಲಿಗೆ ಸರಿಯಾಗಿ ಎರಡು ಪಟ್ಟು: 440 ಹರ್ಟ್ಸ್ ಇದ್ದದ್ದು 880. ತಂತಿಯ ಉದ್ದ ಅದೇ ಅನುಪಾತದಲ್ಲಿ ಕುಗ್ಗಬೇಕು. ಉಳಿದ ಉದ್ದ ಕಡಿಮೆಯಾದಂತೆ ಫ್ರೆಟ್‌ಗಳ ಅಂತರವೂ ಕಿರಿದಾಗುತ್ತದೆ. ಭೂಕಂಪದ ಮಾಪಕವೂ ಇದೇ ಜಾತಿ. ಒಂದು ಅಂಕ ಏರಿದರೆ ಶಕ್ತಿ ಸುಮಾರು 32 ಪಟ್ಟು.

ಉತ್ತರ 2: ಗುರುತು ಹಾಕುವುದಿದ್ದರೆ: ತಂತಿಯ ಉದ್ದ (ಗಿಟಾರಿನವರು ಇದನ್ನೂ ಸ್ಕೇಲ್ ಎನ್ನುತ್ತಾರೆ!) 650 ಮಿ.ಮೀ. ಎನ್ನಿ. 17.817ರಿಂದ (1.0595ರ ಅನುಪಾತದಿಂದಲೇ ಬರುವ ಸಂಖ್ಯೆ) ಭಾಗಿಸಿ, ಮೊದಲ ಫ್ರೆಟ್ ನಟ್‌ನಿಂದ (ಕತ್ತಿನ ತುದಿಯಲ್ಲಿ ತಂತಿಗಳು ಕೂರುವ ತುಂಡು) 36.48 ಮಿ.ಮೀ.ಗೆ. ಉಳಿದ 613.52ನ್ನು ಮತ್ತೆ ಅದರಿಂದಲೇ ಭಾಗಿಸಿದರೆ ಮುಂದಿನ ಅಂತರ 34.43. ಹನ್ನೆರಡನೆಯದು 325ಕ್ಕೇ ಬೀಳಬೇಕು. ಹಳೆಯ ರೂಢಿಯಂತೆ 18ರಿಂದ ಭಾಗಿಸಿದರೆ ಅದು 322.6ಕ್ಕೆ ನಿಂತು ಮೇಲಿನ ಷಡ್ಜ ಇಳಿದು ಕೇಳುತ್ತದೆ. ಲೆಕ್ಕ ಹಂತಹಂತವಾಗಿರಲಿ, ಆದರೆ ಗುರುತುಗಳನ್ನೆಲ್ಲ ನಟ್‌ನಿಂದಲೇ ಅಳೆಯಿರಿ. ಫ್ರೆಟ್‌ನಿಂದ ಫ್ರೆಟ್‌ಗೆ ಅಳೆದರೆ ಕೂದಲೆಳೆಯ ತಪ್ಪುಗಳು ಕೂಡಿಕೊಳ್ಳುತ್ತವೆ.

ಉತ್ತರ 3: ಒಂದು ಮಾತು ಬಿಟ್ಟುಹೋಯಿತು. ಬೆರಳು ಒತ್ತಿದಾಗ ತಂತಿ ಬಿಗಿಯಾಗಿ ಸ್ವರ ಏರುತ್ತದೆ. ಅದಕ್ಕೇ ಬ್ರಿಡ್ಜ್‌ನ ಸ್ಯಾಡಲನ್ನು (ತಂತಿ ಒರಗುವ ತುಂಡನ್ನು) ಒಂದೆರಡು ಮಿ.ಮೀ. ಹಿಂದಕ್ಕೆ, ಅಂದರೆ ನಟ್‌ನಿಂದ ದೂರಕ್ಕೆ, ಕೂರಿಸಬೇಕು, ದಪ್ಪ ತಂತಿಗೆ ಇನ್ನೂ ತುಸು ಹೆಚ್ಚು.