ಪದಚರ್ಚೆ: ಐರಿಶ್ ಡಿಫೆಂಡರ್ ಕುರಿತ ಲೇಖನದಲ್ಲಿ ‘ಫುಲ್ ಬ್ಯಾಕ್’, ‘ಕ್ಯಾಪ್’, ‘ಮ್ಯಾನೇಜರ್’

ಪ್ರಶ್ನೆ:
ಐರ್ಲೆಂಡ್ ಮಹಿಳಾ ಫುಟ್‌ಬಾಲ್ ತಂಡದ ಒಬ್ಬ ಡಿಫೆಂಡರ್ ಬಗ್ಗೆ ಲೇಖನ ಸಿದ್ಧವಾಗುತ್ತಿದೆ. ಆಕರಗಳೆಲ್ಲ ಅಲ್ಲಿನ ಪತ್ರಿಕೆಗಳವು. ಕರಡಿನ ಒಂದು ಭಾಗ ಹೀಗಿದೆ: “ರಕ್ಷಣಾತ್ಮಕ ಆಟಗಾರ್ತಿ ನಿಯಾಮ್ ಫಾಹಿ 2004ರಲ್ಲಿ ಗಾಲ್ವೇ ಪರ ಫುಟ್‌ಬಾಲ್ ಪ್ರಶಸ್ತಿ ಗೆದ್ದರು. ದೇಶಕ್ಕಾಗಿ 100ಕ್ಕೂ ಹೆಚ್ಚು ಟೋಪಿ ಗಳಿಸಿದರು. 2022ರಲ್ಲಿ ಲಿವರ್‌ಪೂಲ್ ನಾಯಕಿಯಾಗಿ ಇಂಗ್ಲೆಂಡಿನ ಚಾಂಪಿಯನ್‌ಷಿಪ್ ಗೆದ್ದರು. ವ್ಯವಸ್ಥಾಪಕಿ ವೇರಾ ಪೌ ಅವರ ತಂಡದಲ್ಲಿ ವಿಶ್ವಕಪ್ ಆಡಿದರು.” ಪದಬಳಕೆ ಸರಿಯಿದೆಯೇ? ‘ಫುಲ್ ಬ್ಯಾಕ್’ಗೆ ‘ಪೂರ್ಣ ಹಿಂಬದಿ ಆಟಗಾರ್ತಿ’ ಎನ್ನಬಹುದೇ?

ಉತ್ತರ 1:
ಮೊದಲು ಹೆಸರು. ಅದು ನಿಯಾಮ್ ಅಲ್ಲ, ನೀವ್. ಐರಿಶ್ ಕಾಗುಣಿತದಲ್ಲಿ ‘ಎಂ’ ಆದ ಮೇಲೆ ‘ಎಚ್’ ಬಂದರೆ ಸಾಮಾನ್ಯವಾಗಿ ವಕಾರದ ಉಚ್ಚಾರ. ಇಂಥವು ಇನ್ನೂ ಇವೆ: ಅದೇ ತಂಡದ ಡಿಫೆಂಡರ್ ಮ್ಯಾನಿಯನ್ ಅವರ ಹೆಸರು ಈಫಾ, ‘ಅಯೋಫೆ’ ಅಲ್ಲ.

ಇನ್ನು 2004ರ ಪ್ರಶಸ್ತಿ. ಅದು ನಾವು ಫುಟ್‌ಬಾಲ್ ಎನ್ನುವ ಆಟದ್ದೇ ಅಲ್ಲ, ಗೇಲಿಕ್ ಫುಟ್‌ಬಾಲಿನದು. ಒಂದು ಕಡೆಗೆ 15 ಮಂದಿ, ಚೆಂಡನ್ನು ಕೈಯಲ್ಲಿ ಹಿಡಿಯಬಹುದು, ಗೋಲುಗಂಬಗಳ ಅಡ್ಡಪಟ್ಟಿಯ ಕೆಳಗೆ ಹೋದರೆ ಗೋಲು ಅಂದರೆ 3 ಅಂಕ, ಮೇಲೆ ಹೋದರೆ ಸಾಮಾನ್ಯವಾಗಿ 1. ಆ ವರ್ಷ ಆಲ್ ಐರ್ಲೆಂಡ್ ಫೈನಲ್‌ನಲ್ಲಿ ಗಾಲ್ವೇ ಮಹಿಳೆಯರು ಡಬ್ಲಿನ್ ತಂಡವನ್ನು ಸೋಲಿಸಿದ್ದರು. ಐರಿಶ್ ಪತ್ರಿಕೆಗಳಲ್ಲಿ ಬರೀ ‘ಫುಟ್‌ಬಾಲ್’ ಎಂದಿದ್ದರೆ ಎಷ್ಟೋ ಸಲ ಗೇಲಿಕ್ ಎಂದೇ ಅರ್ಥ. ನಮ್ಮ ಆಟಕ್ಕೆ ಅವರು ‘ಸಾಕರ್’ ಎನ್ನುವುದೂ ಉಂಟು. ಕೌಂಟಿಯ (ಗಾಲ್ವೇ, ಡಬ್ಲಿನ್‌ನಂಥ ಜಿಲ್ಲೆಯ) ಹೆಸರು ಪಕ್ಕದಲ್ಲಿದ್ದರೆ ಗೇಲಿಕ್, ಕ್ಲಬ್ಬಿನ ಹೆಸರೋ ದೇಶದ ಹೆಸರೋ ಇದ್ದರೆ ಸಾಕರ್ ಎಂದು ಹಿಡಿದು ಹೊರಟರೆ ಹೆಚ್ಚಾಗಿ ದಾರಿ ತಪ್ಪುವುದಿಲ್ಲ. ಆದರೆ ಗೇಲಿಕ್‌ನಲ್ಲೂ ಊರಿನ ಕ್ಲಬ್‌ಗಳಿವೆ, ನೋಡಿಕೊಳ್ಳಿ.

‘ಫುಲ್ ಬ್ಯಾಕ್’ ಎಡವಟ್ಟಾಗುವುದೂ ಇಲ್ಲೇ. ಗೇಲಿಕ್‌ನಲ್ಲಿ ಗೋಲ್‌ಕೀಪರ್ ಮುಂದಿನ ಮೂವರ ಸಾಲಿನಲ್ಲಿ ನಡುವೆ ನಿಲ್ಲುವವರು, 3ನೇ ನಂಬರಿನವರು, ಫುಲ್ ಬ್ಯಾಕ್. ಅಕ್ಕಪಕ್ಕದವರು ಕಾರ್ನರ್ ಬ್ಯಾಕ್. ಸಾಕರ್‌ನಲ್ಲಿ ಇದಕ್ಕೆ ತದ್ವಿರುದ್ಧ: ಫುಲ್ ಬ್ಯಾಕ್ ಎಂದರೆ ಅಂಚಿನವರು, ನಡುವಿನವರು ಸೆಂಟರ್ ಬ್ಯಾಕ್. ಸೆಂಟರ್ ಬ್ಯಾಕ್‌ಗೇ ‘ಸೆಂಟರ್ ಹಾಫ್’ ಎಂಬ ಹೆಸರೂ ಚಾಲ್ತಿಯಲ್ಲಿದೆ. ಹಿಂದೆ ಇಬ್ಬರು ಬ್ಯಾಕ್, ಮುಂದೆ ಮೂವರು ಹಾಫ್, ಐವರು ಫಾರ್ವರ್ಡ್ ಇದ್ದ ಕಾಲದಲ್ಲಿ ಸೆಂಟರ್ ಹಾಫ್ ನಿಜಕ್ಕೂ ಮೈದಾನದ ನಡುವೆಯೇ ಆಡುತ್ತಿದ್ದರು. 1925ರಲ್ಲಿ ಆಫ್‌ಸೈಡ್ ನಿಯಮ ಸಡಿಲವಾಯಿತು. ಚೆಂಡು ಪಡೆಯುವವರ ಮುಂದೆ ಎದುರಾಳಿಗಳು ಮೂವರ ಬದಲು ಇಬ್ಬರಿದ್ದರೆ ಸಾಕಾಯಿತು. ಗೋಲುಗಳು ಸುರಿಯತೊಡಗಿದಾಗ ಸೆಂಟರ್ ಹಾಫ್‌ರನ್ನು ಇಬ್ಬರು ಬ್ಯಾಕ್‌ಗಳ ನಡುವೆ ಇಳಿಸಿದರು, ಬ್ಯಾಕ್‌ಗಳು ಅಂಚಿಗೆ ಸರಿದರು. ಜಾಗ ಬದಲಾದರೂ ಹೆಸರು ಹಾಗೇ ಉಳಿಯಿತು. ಹೀಗಾಗಿ ‘ಪೂರ್ಣ ಹಿಂಬದಿ’ ಎಂದು ಅನುವಾದಿಸಿದರೆ ಓದುಗರು ಎರಡೂ ಆಟಗಳಲ್ಲಿ ದಿಕ್ಕು ತಪ್ಪುತ್ತಾರೆ. ಸ್ಥಾನದ ಹೆಸರುಗಳನ್ನು ಇದ್ದಂತೆಯೇ ಇಟ್ಟು, ಮೊದಲ ಸಲ ಬಂದಾಗ ಎಲ್ಲಿ ನಿಲ್ಲುತ್ತಾರೆಂದು ಅರ್ಧ ವಾಕ್ಯದಲ್ಲಿ ಹೇಳಿ. ಉದಾಹರಣೆಗೆ, 2023ರ ವಿಶ್ವಕಪ್‌ನಲ್ಲಿ ಆಸ್ಟ್ರೇಲಿಯಾ ವಿರುದ್ಧ ಐರ್ಲೆಂಡ್ ಮೂವರು ಸೆಂಟರ್ ಬ್ಯಾಕ್‌ಗಳನ್ನು ಇಳಿಸಿತ್ತು: ಫಾಹಿ, ಲೂಯಿಸ್ ಕ್ವಿನ್, ಮೇಗನ್ ಕಾನಲಿ. ಎಡ ಅಂಚಿನಲ್ಲಿದ್ದ ಕೇಟಿ ಮೆಕೇಬ್ ಅಲ್ಲಿ ವಿಂಗ್ ಬ್ಯಾಕ್ (ಅಂಚಿನಲ್ಲಿ ಹಿಂದೆಯೂ ಮುಂದೆಯೂ ಆಡುವವರು), ಫುಲ್ ಬ್ಯಾಕ್ ಅಲ್ಲ.

ಟೋಪಿಯಂತೂ ಬೇಡವೇ ಬೇಡ. ‘ಕ್ಯಾಪ್’ ಎಂದೂ ಬಿಡುವಂತಿಲ್ಲ. ಕ್ರಿಕೆಟ್ ನೋಡಿ ಬೆಳೆದ ನಮ್ಮ ಓದುಗರಿಗೆ ಕ್ಯಾಪ್ ಎಂದರೆ ಮೊದಲ ಪಂದ್ಯದ ದಿನ ಒಮ್ಮೆ ಕೊಡುವ ವಸ್ತು. ಇಲ್ಲಿ ಅದು ಎಣಿಕೆ. ಕೊನೆಯ ನಿಮಿಷದಲ್ಲಿ ಬದಲಿಯಾಗಿ ಇಳಿದರೂ ಒಂದು ಕ್ಯಾಪ್, ಪಂದ್ಯ ಮುಗಿಯುವವರೆಗೆ ಬೆಂಚಿನಲ್ಲೇ ಕುಳಿತಿದ್ದರೆ ಇಲ್ಲ. ‘100ಕ್ಕೂ ಹೆಚ್ಚು ಅಂತರರಾಷ್ಟ್ರೀಯ ಪಂದ್ಯ ಆಡಿದರು’ ಎಂದರೆ ಮುಗಿಯಿತು. ಕ್ಲಬ್ ಪಂದ್ಯಗಳನ್ನು ಇದರಲ್ಲಿ ಕೂಡಿಸಬಾರದು.

‘ಇಂಗ್ಲೆಂಡಿನ ಚಾಂಪಿಯನ್‌ಷಿಪ್’ ತೀರಾ ಅಪಾಯದ ಪದ. 2022ರಲ್ಲಿ ಲಿವರ್‌ಪೂಲ್ ಗೆದ್ದ ಲೀಗಿಗೆ ಆಗ ಇದ್ದ ಹೆಸರೇ ಚಾಂಪಿಯನ್‌ಷಿಪ್, ಅದು ಎರಡನೇ ದರ್ಜೆಯದು. 2020ರಲ್ಲಿ ಕೆಳಕ್ಕಿಳಿದಿದ್ದ ತಂಡ ಆ ಗೆಲುವಿನಿಂದ ಮೇಲಿನ ಲೀಗಿಗೆ ಮರಳಿತು. ‘ಎರಡನೇ ದರ್ಜೆಯ ಲೀಗ್’ ಎಂದೇ ಬರೆಯಿರಿ.

ಭಾರತೀಯ ತಂಡಗಳಲ್ಲಿ ಮ್ಯಾನೇಜರ್ ಎಂದರೆ ಟಿಕೆಟ್, ಹೋಟೆಲು, ಕಾಗದಪತ್ರ ನೋಡುವವರು. ಆಟಗಾರ್ತಿಯರನ್ನು ಆರಿಸಿ ತಂತ್ರ ಹೂಡುವವರನ್ನು ನಾವು ಮುಖ್ಯ ಕೋಚ್ ಎನ್ನುತ್ತೇವೆ. ವೇರಾ ಪೌ 2019ರಿಂದ 2023ರವರೆಗೆ ಮಾಡಿದ್ದು ಇದೇ ಕೆಲಸ. ನೆದರ್ಲೆಂಡ್ಸ್‌ನ ಅವರೂ ಡಿಫೆಂಡರ್ ಆಗಿದ್ದವರೇ. ‘ವ್ಯವಸ್ಥಾಪಕಿ’ ಎಂದರೆ ಹಾಸ್ಟೆಲ್ ನೋಡಿಕೊಳ್ಳುವವರ ಹಾಗೆ ಕೇಳಿಸುತ್ತದೆ.

ಉತ್ತರ 2:
ಮೇಲಿನದಕ್ಕೆ ಸ್ವಲ್ಪ ಸೇರಿಸುತ್ತೇನೆ. ‘ರಕ್ಷಣಾತ್ಮಕ’ ಎನ್ನುವುದು ಆಟದ ಶೈಲಿ, ಸ್ಥಾನವಲ್ಲ. ಫಾರ್ವರ್ಡ್ ಕೂಡ ರಕ್ಷಣಾತ್ಮಕವಾಗಿ ಆಡಬಹುದು. ಕ್ವಿನ್ ಡಿಫೆಂಡರ್ ಆದರೂ ಕಾರ್ನರ್ ಕಿಕ್‌ಗೆ ಮುಂದೆ ಹೋಗಿ ತಲೆಯಿಂದ ಗೋಲು ಹೊಡೆಯುತ್ತಿದ್ದರು. ಕನ್ನಡವೇ ಬೇಕೆಂದರೆ ‘ರಕ್ಷಣಾ ಆಟಗಾರ್ತಿ’ ಆದೀತು, ಆದರೆ ಡಿಫೆಂಡರ್ ಪದ ಕಬಡ್ಡಿಯಿಂದಾಗಿ ಮನೆಮಾತಾಗಿದೆ. ಕೋಚ್‌ಗೆ ಸ್ತ್ರೀಲಿಂಗ ರೂಪ ಹುಡುಕಿ ‘ತರಬೇತುದಾರ್ತಿ’ ಕಟ್ಟುವ ಕಷ್ಟವೂ ಬೇಡ. ‘ಕೋಚ್ ಆಗಿದ್ದರು’ ಎಂದು ಬಹುವಚನದಲ್ಲಿ ನಡೆಯುತ್ತದೆ.

ಡಿಫೆಂಡರ್ ಬಗೆಗಿನ ಬರಹದಲ್ಲಿ ಇನ್ನೆರಡು ಪದ ಬಂದೇ ಬರುತ್ತವೆ. ‘ಕ್ಲೀನ್ ಶೀಟ್’ ಅಂದರೆ ಗೋಲು ಬಿಟ್ಟುಕೊಡದ ಪಂದ್ಯ. 2023ರ ವಿಶ್ವಕಪ್‌ನಲ್ಲಿ ಬ್ರಿಸ್ಬೇನ್‌ನಲ್ಲಿ ನೈಜೀರಿಯಾ ಜೊತೆ 0–0 ಡ್ರಾ ಆದದ್ದು ಅಂಥದು. ಅದನ್ನು ಗೆಲುವು ಎಂದು ತಿಳಿದು ‘ಕ್ಲೀನ್ ಸ್ವೀಪ್’ ಜೊತೆ ಬೆರೆಸಬೇಡಿ. ಇನ್ನೊಂದು ‘ಓನ್ ಗೋಲ್’: ತನ್ನ ಗೋಲಿಗೇ ಚೆಂಡು ಸೇರಿಸುವುದು, ಅದನ್ನು ‘ಉಡುಗೊರೆ ಗೋಲು’ ಎನ್ನಬಹುದು. ಪರ್ತ್‌ನಲ್ಲಿ ಕೆನಡಾ ವಿರುದ್ಧ ಕಾನಲಿ ಅವರಿಂದ ಆದದ್ದು ಇದು. ಅಂಥ ಗೋಲು ಎದುರಾಳಿ ತಂಡದ ಲೆಕ್ಕಕ್ಕೆ ಹೋಗುತ್ತದೆ, ಕಾನಲಿ ಹೊಡೆದ ಗೋಲುಗಳ ಪಟ್ಟಿಗೆ ಸೇರುವುದಿಲ್ಲ. ಅಂಕಿಅಂಶದ ಕೋಷ್ಟಕ ತುಂಬುವಾಗ ಅದನ್ನು ಬೇರೆಯಾಗಿಯೇ ಇಡಿ.