ಮಗನಿಗೆ ಇಸಿಎಚ್‌ಎಲ್‌ನಿಂದ ಕರೆ ಬಂದಿದೆ: ಐಸ್ ಹಾಕಿಯ ಗೋಲಿಗಳು, ಅವರ ಮನೆಯವರು ಅನುಭವ ತಿಳಿಸುವಿರಾ?

ಪ್ರಶ್ನೆ

ನಾವು ಮೂಲತಃ ಹಾಸನ ಜಿಲ್ಲೆಯವರು. ಕೆನಡಾದ ಒಂಟಾರಿಯೊ ಪ್ರಾಂತ್ಯಕ್ಕೆ ಬಂದು ಇಪ್ಪತ್ತನಾಲ್ಕು ವರ್ಷಗಳಾದವು. ಮಗನಿಗೆ ಈಗ 21 ವರ್ಷ. ಅವನು ಐಸ್ ಹಾಕಿಯಲ್ಲಿ ಗೋಲು ಕಾಯುವವನು. ಇಲ್ಲಿಯವರು ಅದಕ್ಕೆ ‘ಗೋಲಿ’ ಎನ್ನುತ್ತಾರೆ. ಊರಿನಲ್ಲಿರುವ ನಮ್ಮ ತಾಯಿ ಮಾತ್ರ ಮೊಮ್ಮಗ ಗೋಲಿಯಾಟದಲ್ಲಿ ಹೆಸರು ಮಾಡಿದ್ದಾನೆಂದೇ ಇಂದಿಗೂ ನೆರೆಹೊರೆಯವರಿಗೆ ಹೇಳುತ್ತಾರೆ. ಮೇಜರ್ ಜೂನಿಯರ್ ಲೀಗಿನಲ್ಲಿ ಅವನ ವಯೋಮಿತಿ ಮುಗಿದಿದೆ. ಈ ಆಟದ ಅತ್ಯುನ್ನತ ಲೀಗಾದ ಎನ್‌ಎಚ್‌ಎಲ್‌ನ ತಂಡಗಳು ಹೊಸ ಆಟಗಾರರನ್ನು ಆರಿಸುವ ಡ್ರಾಫ್ಟಿನಲ್ಲಿ ಯಾವ ತಂಡವೂ ಅವನನ್ನು ಆರಿಸಿಕೊಂಡಿಲ್ಲ. ಅದಕ್ಕಿಂತ ಎರಡು ಹಂತ ಕೆಳಗಿನ ಲೀಗಾದ ಇಸಿಎಚ್‌ಎಲ್‌ನ, ಅಮೆರಿಕದ ಒಂದು ತಂಡವು ಋತು ಆರಂಭವಾಗುವ ಮುಂಚಿನ ಶಿಬಿರಕ್ಕೆ ಬರಲು ಹೇಳಿದೆ. ಇತ್ತ, ಜೂನಿಯರ್‌ನಲ್ಲಿ ಆಡಿದ ಒಂದೊಂದು ಋತುವಿಗೂ ಒಂದು ವರ್ಷದ ಕಾಲೇಜು ಶುಲ್ಕ ಅವನಿಗೆ ದೊರೆಯುತ್ತದೆ. ಇಲ್ಲಿಯ ಒಂದು ವಿಶ್ವವಿದ್ಯಾಲಯ ಪ್ರವೇಶವನ್ನೂ ತನ್ನ ಹಾಕಿ ತಂಡದಲ್ಲಿ ಸ್ಥಾನವನ್ನೂ ಕೊಡಲು ಸಿದ್ಧವಾಗಿದೆ. ಮಗನ ಮನಸ್ಸು ಶಿಬಿರದ ಕಡೆ, ನನ್ನ ಪತ್ನಿಯ ಮನಸ್ಸು ಓದಿನ ಕಡೆ. ಈ ಆಟದ ಒಳಗು ನನಗೆ ತಿಳಿಯದು. ತಿಳಿದವರು ದಯವಿಟ್ಟು ಬರೆಯಿರಿ.

ಉತ್ತರ: ಮೂರು ಋತು ಆಡಿ ಬಿಟ್ಟ ಗೋಲಿಯೊಬ್ಬನ ತಾಯಿ

ನಿಮ್ಮ ಮನೆಯಲ್ಲಿ ಈಗ ನಡೆಯುತ್ತಿರುವ ಚರ್ಚೆ ನಮ್ಮ ಮನೆಯಲ್ಲಿ ಏಳು ವರ್ಷಗಳ ಹಿಂದೆ ನಡೆದಿತ್ತು. ಆಗ ನಾವು ಇಡೀ ಬೇಸಿಗೆ, ಹುಡುಗ ಎನ್‌ಎಚ್‌ಎಲ್ ತಲುಪುತ್ತಾನೋ ಇಲ್ಲವೋ ಎಂದು ಮಾತನಾಡಿದೆವೇ ಹೊರತು, ಅವನನ್ನು ಕರೆಯುತ್ತಿರುವ ತಂಡ ಅವನಿಗೆ ಎಷ್ಟು ಪಂದ್ಯ ಆಡಿಸುತ್ತದೆ ಎಂದು ಒಮ್ಮೆಯೂ ಕೇಳಲಿಲ್ಲ. ಉಳಿದ ಆಟಗಾರರು ನಿಮಿಷಕ್ಕೊಮ್ಮೆ ಬದಲಾಗುತ್ತಾ ಎಲ್ಲರೂ ಅಷ್ಟಿಷ್ಟು ಆಡುತ್ತಾರೆ. ಗೋಲಿಗಳು ಮಾತ್ರ ಇಬ್ಬರು ಸಿದ್ಧರಾಗಿ ಕುಳಿತರೆ ಒಬ್ಬನೇ ಆಡುತ್ತಾನೆ. ನನ್ನ ಮಗ ಮೊದಲ ಋತುವಿನಲ್ಲಿ ಆಡುವವರಿಗಾಗಿ ಬೆಂಚಿನ ತುದಿಯ ಬಾಗಿಲು ತೆರೆದು ಮುಚ್ಚಿದ ರಾತ್ರಿಗಳೇ ಹೆಚ್ಚು.

ಹಣದ ವಿಷಯ ಸಂಕೋಚವಿಲ್ಲದೆ ಹೇಳುತ್ತೇನೆ. ಅವನಿಗೆ ಸಿಗುತ್ತಿದ್ದದ್ದು ವಾರಕ್ಕೆ ಕೆಲವು ನೂರು ಡಾಲರ್, ಅದೂ ಅಕ್ಟೋಬರಿನಿಂದ ಏಪ್ರಿಲ್‌ವರೆಗೆ ಮಾತ್ರ. ಇರಲು ಮನೆ ತಂಡದ್ದೇ ಆದ್ದರಿಂದ ಚಳಿಗಾಲದಲ್ಲಿ ಕೈಖರ್ಚಿಗೆ ತೊಂದರೆಯಾಗಲಿಲ್ಲ. ಕಷ್ಟ ಬಂದದ್ದು ಬೇಸಿಗೆಯಲ್ಲಿ: ಸಂಬಳ ನಿಂತಿರುತ್ತದೆ, ಆದರೆ ಮುಂದಿನ ಋತುವಿಗೆ ಮೈ ಸಿದ್ಧವಾಗಬೇಕಾದರೆ ಗೋಲಿಗಳ ವಿಶೇಷ ತರಬೇತುದಾರರಿಗೂ ರಿಂಕಿನ (ಮಂಜಿನ ಅಂಕಣದ) ಬಾಡಿಗೆಗೂ ವ್ಯಾಯಾಮಶಾಲೆಗೂ ನಾವೇ ತೆರಬೇಕು. ಆ ನಾಲ್ಕೈದು ತಿಂಗಳ ಖರ್ಚನ್ನು ಮೊದಲೇ ಲೆಕ್ಕ ಹಾಕಿಟ್ಟುಕೊಳ್ಳಿ.

ಒಂದು ಋತುವಿಗೆ 72 ಪಂದ್ಯಗಳು. ಶುಕ್ರವಾರ, ಶನಿವಾರ, ಭಾನುವಾರ ಹೀಗೆ ಸಾಲಾಗಿ ಮೂರು ದಿನ ಮೂರು ಪಂದ್ಯ ಬೀಳುವುದು ಅಲ್ಲಿ ಮಾಮೂಲು; ನಡುವಿನ ರಾತ್ರಿಗಳು ಬಸ್ಸಿನಲ್ಲೇ ಕಳೆಯುತ್ತವೆ. ಇವೆಲ್ಲವೂ ಸಹಿಸುವಂಥವು, ಇಪ್ಪತ್ತರ ಹುಡುಗರಿಗೆ ಬಸ್ಸಿನಲ್ಲಿ ನಿದ್ದೆ ಚೆನ್ನಾಗಿಯೇ ಬರುತ್ತದೆ. ನಾನು ಸಹಿಸಲಾರದೇ ಹೋದದ್ದು ಎರಡನೆಯ ಋತುವಿನ ನವೆಂಬರಿನಲ್ಲಿ ಬಂದ ಒಂದು ಫೋನು. ಹಿಂದಿನ ಎರಡು ಪಂದ್ಯಗಳನ್ನು ಗೆಲ್ಲಿಸಿಕೊಟ್ಟಿದ್ದ ಅವನನ್ನು ಬೆಳಗಿನ ಅಭ್ಯಾಸಕ್ಕೆ ಮುಂಚೆ ಕೋಣೆಗೆ ಕರೆದು, ಮೇಲಿನ ತಂಡದಿಂದ ಒಬ್ಬ ಗೋಲಿ ಇಳಿದು ಬರುತ್ತಿದ್ದಾನೆ, ನಿನ್ನನ್ನು ಬಿಡುಗಡೆ ಮಾಡಿದ್ದೇವೆ ಎಂದರಂತೆ. ಅವನ ಆಟದಲ್ಲಿ ಲೋಪವಿದೆಯೆಂದು ಯಾರೂ ಹೇಳಲಿಲ್ಲ. ಹೇಳಿದ್ದರೆ ಅವನಿಗೆ ಅಷ್ಟು ನೋವಾಗುತ್ತಿರಲಿಲ್ಲವೇನೋ. ಆ ಋತು ಮುಗಿಯುವಷ್ಟರಲ್ಲಿ ಅವನು ಮೂರು ಊರುಗಳಲ್ಲಿ ಆಡಿದ್ದ.

ಉತ್ತರ: ಹಿಂದೆ ಗೋಲಿಯಾಗಿದ್ದವನು, ಈಗ ಹುಡುಗರಿಗೆ ತರಬೇತಿ ಕೊಡುವವನು

ಮೇಲಿನ ತಾಯಿಯವರು ಹೇಳಿದ ಬಿಡುಗಡೆಯ ಹಿಂದಿನ ಕಾರಣವನ್ನು ವಿವರಿಸುತ್ತೇನೆ, ಏಕೆಂದರೆ ನಿಮ್ಮ ನಿರ್ಧಾರ ನಿಂತಿರುವುದೇ ಅದರ ಮೇಲೆ. ಎನ್‌ಎಚ್‌ಎಲ್‌ನಲ್ಲಿ 32 ತಂಡಗಳಿವೆ, ಅದರ ಕೆಳಗಿನ ಎಎಚ್‌ಎಲ್‌ನಲ್ಲೂ 32, ಅದಕ್ಕೂ ಕೆಳಗೆ 1988ರಲ್ಲಿ ಆರಂಭವಾದ ಇಸಿಎಚ್‌ಎಲ್‌ನಲ್ಲಿ ಸುಮಾರು ಮೂವತ್ತು. ತಂಡಕ್ಕೆ ಇಬ್ಬರಂತೆ ಲೆಕ್ಕ ಹಾಕಿದರೆ ಅತ್ಯುನ್ನತ ಹಂತದಲ್ಲಿ ಇಡೀ ಜಗತ್ತಿನ ಗೋಲಿಗಳಿಗಾಗಿ ಇರುವ ಕುರ್ಚಿಗಳು 64. ಈ ಮೂರು ಹಂತದ ತಂಡಗಳು ಒಂದಕ್ಕೊಂದು ಜೋಡಿಸಿಕೊಂಡಿರುವುದರಿಂದ ಮೇಲೆ ಒಬ್ಬನ ತೊಡೆಸಂದಿನ ಸ್ನಾಯು ಎಳೆದರೆ ಕೆಳಗಿನ ಇಬ್ಬರು ಮೇಲೇರುತ್ತಾರೆ. ಅವನು ಗುಣವಾದ ದಿನ ಇಬ್ಬರೂ ಇಳಿಯುತ್ತಾರೆ, ಕಟ್ಟಕಡೆಯವನು ಮನೆಗೆ ಹೋಗುತ್ತಾನೆ.

ಆ ಕಟ್ಟಕಡೆಯವನು ಯಾರು ಎಂಬುದನ್ನು ಆಟಕ್ಕಿಂತ ಒಪ್ಪಂದವೇ ತೀರ್ಮಾನಿಸುತ್ತದೆ. ಇಸಿಎಚ್‌ಎಲ್‌ನ ಒಂದೇ ಕೋಣೆಯಲ್ಲಿ ಮೂರು ಬಗೆಯ ಗೋಲಿಗಳನ್ನು ಕಂಡಿದ್ದೇನೆ: ಎನ್‌ಎಚ್‌ಎಲ್ ತಂಡದೊಡನೆ ಒಪ್ಪಂದವಿದ್ದು ಆಟದ ಅನುಭವಕ್ಕಾಗಿ ಕೆಳಗೆ ಕಳುಹಿಸಲ್ಪಟ್ಟವನು, ಎಎಚ್‌ಎಲ್ ತಂಡದ ಒಪ್ಪಂದದವನು, ಮತ್ತು ಇಸಿಎಚ್‌ಎಲ್ ತಂಡವೇ ಗೊತ್ತುಮಾಡಿಕೊಂಡವನು. ಮೊದಲನೆಯವನನ್ನು ಆಡಿಸಲೇಬೇಕೆಂದು ಮೇಲಿನಿಂದ ಮಾತು ಬಂದಿರುತ್ತದೆ, ಏಕೆಂದರೆ ಅವನ ಮೇಲೆ ಹಣ ಹೂಡಿದವರು ಅವರು. ನಾನು ಮೂರನೆಯವನಾಗಿದ್ದೆ. ನಾಲ್ಕು ಋತುಗಳಲ್ಲಿ ಎರಡು ಬಾರಿ ಎಎಚ್‌ಎಲ್‌ಗೆ ಕರೆ ಬಂತು. ಒಮ್ಮೆ ಹನ್ನೊಂದು ದಿನ, ಇನ್ನೊಮ್ಮೆ ಐದು ದಿನ. ಆ ದಿನಗಳಿಗೆ ಅಲ್ಲಿಯ ದರದಲ್ಲಿ ಸಂಬಳ ಸಿಕ್ಕಿತು, ಒಂದು ನಿಮಿಷವೂ ಆಡಲು ಸಿಗಲಿಲ್ಲ.

ನಿಮ್ಮ ಮಗನಿಗೆ ಧೈರ್ಯ ತುಂಬಲು ಎಲ್ಲರೂ ಕೆಲವು ಹೆಸರುಗಳನ್ನು ಹೇಳುತ್ತಾರೆ, ಈಗಾಗಲೇ ಹೇಳಿಯೂ ಇರುತ್ತಾರೆ. ಜೊನಾಥನ್ ಕ್ವಿಕ್ 2007-08ರಲ್ಲಿ ಇಸಿಎಚ್‌ಎಲ್‌ನ ರೆಡಿಂಗ್ ರಾಯಲ್ಸ್‌ಗೆ ಆಡಿ, 2012ರಲ್ಲಿ ಲಾಸ್ ಏಂಜಲಿಸ್ ತಂಡದೊಡನೆ ಎನ್‌ಎಚ್‌ಎಲ್‌ನ ಚಾಂಪಿಯನ್ನರಿಗೆ ಸಿಗುವ ಸ್ಟ್ಯಾನ್ಲಿ ಕಪ್ ಗೆದ್ದರು. ಬ್ರೇಡನ್ ಹೋಲ್ಟ್‌ಬಿ ಸೌತ್ ಕ್ಯಾರೊಲಿನಾ ಸ್ಟಿಂಗ್‌ರೇಸ್‌ನಲ್ಲಿ ಆಡಿದವರು, 2018ರಲ್ಲಿ ವಾಷಿಂಗ್ಟನ್‌ಗೆ ಕಪ್ ತಂದರು. ಜೋರ್ಡನ್ ಬಿನ್ನಿಂಗ್ಟನ್ ಇಸಿಎಚ್‌ಎಲ್‌ನ ಕ್ಯಾಲಮಜೂ ತಂಡದಲ್ಲಿ ಆಡಿದರು, 2017-18ರಲ್ಲಿ ಬೇರೆ ಎನ್‌ಎಚ್‌ಎಲ್ ಸಂಸ್ಥೆಗೆ ಸೇರಿದ, ಎಎಚ್‌ಎಲ್‌ನ ಪ್ರಾವಿಡೆನ್ಸ್ ತಂಡಕ್ಕೆ ಎರವಲಾಗಿ ಹೋದರು, 2019ರ ಜನವರಿಯಲ್ಲಿ ಸೇಂಟ್ ಲೂಯಿಸ್ ತಂಡದ ಗೋಲಿನಲ್ಲಿ ನಿಂತು ಅದೇ ಜೂನ್‌ನಲ್ಲಿ ಕಪ್ ಎತ್ತಿದರು. ಇವೆಲ್ಲ ನಿಜ. ಆದರೆ ಈ ಮೂವರನ್ನೂ ಎನ್‌ಎಚ್‌ಎಲ್ ತಂಡಗಳು ಡ್ರಾಫ್ಟಿನಲ್ಲಿ ಆರಿಸಿಕೊಂಡಿದ್ದವು. ಅವರು ಕೆಳಗೆ ಇಳಿದು ಬಂದವರೇ ಹೊರತು ಕೆಳಗಿನಿಂದ ಶುರು ಮಾಡಿದವರಲ್ಲ.

ನಿಮ್ಮ ಮಗನ ಸ್ಥಿತಿಗೆ ಹತ್ತಿರದ ಉದಾಹರಣೆ ಲೋಗನ್ ಥಾಂಪ್ಸನ್. ಡ್ರಾಫ್ಟಿನಲ್ಲಿ ಯಾರೂ ಆರಿಸದ ಅವರು ಜೂನಿಯರ್ ಮುಗಿಸಿ ಒಂಟಾರಿಯೊದ ಬ್ರಾಕ್ ವಿಶ್ವವಿದ್ಯಾಲಯದ ತಂಡದಲ್ಲಿ ಆಡಿ, ನಂತರ ಇಸಿಎಚ್‌ಎಲ್‌ಗೆ ಹೋಗಿ, ಅಲ್ಲಿಂದ ಮೇಲೇರಿ ವೇಗಸ್ ತಂಡ ಸೇರಿದರು, ಆಮೇಲೆ ವಾಷಿಂಗ್ಟನ್‌ಗೆ ಹೋದರು. ಟಿಮ್ ಥಾಮಸ್ ಅವರ ಹೆಸರು 1994ರ ಡ್ರಾಫ್ಟಿನಲ್ಲಿ 217ನೆಯದಾಗಿ ಬಂದಿತ್ತು, ಅಂದರೆ ಆರಿಸಿದ್ದೂ ಆರಿಸದಿದ್ದೂ ಒಂದೇ. ವರ್ಮಾಂಟ್ ವಿಶ್ವವಿದ್ಯಾಲಯದಲ್ಲಿ ನಾಲ್ಕು ವರ್ಷ ಆಡಿ, ಕೆಳಹಂತದ ಲೀಗುಗಳಲ್ಲಿಯೂ ಫಿನ್‌ಲೆಂಡ್, ಸ್ವೀಡನ್‌ಗಳಲ್ಲಿಯೂ ಅಲೆದು, ಮೂವತ್ತು ದಾಟಿದ ಮೇಲೆ ಬಾಸ್ಟನ್‌ನಲ್ಲಿ ನೆಲೆ ಕಂಡ ಅವರು 2011ರಲ್ಲಿ ಕಪ್ಪನ್ನೂ ಆ ಸರಣಿಯ ಶ್ರೇಷ್ಠ ಆಟಗಾರನ ಪ್ರಶಸ್ತಿಯನ್ನೂ ಪಡೆದರು. ಗಮನಿಸಿ, ಇಬ್ಬರೂ ವಿಶ್ವವಿದ್ಯಾಲಯವನ್ನು ಹಾದು ಬಂದವರು. ಗೋಲಿಗಳು ತಡವಾಗಿ ಮಾಗುತ್ತಾರೆ ಎಂಬ ಮಾತು ನಮ್ಮಲ್ಲಿ ರೂಢಿಯಲ್ಲಿದೆ. ಅದು ಸುಮ್ಮನೆ ಹುಟ್ಟಿದ್ದಲ್ಲ.

ಇನ್ನೊಂದು ಲೆಕ್ಕ. ಪಂದ್ಯಕ್ಕೆ ಸುಮಾರು ಮೂವತ್ತು ಹೊಡೆತಗಳು ಬರುತ್ತವೆ ಎಂದಿಟ್ಟುಕೊಳ್ಳಿ. ನೂರಕ್ಕೆ ತೊಂಬತ್ತು ತಡೆಯುವವನಿಗೂ ತೊಂಬತ್ತೆರಡು ತಡೆಯುವವನಿಗೂ ಇರುವ ಅಂತರ ಮೂರು ಪಂದ್ಯಕ್ಕೆ ಹೆಚ್ಚುಕಡಿಮೆ ಎರಡು ಗೋಲು. ಒಬ್ಬನಿಗೆ ಮೇಲಿನಿಂದ ಕರೆ ಬರುವುದೂ ಇನ್ನೊಬ್ಬನು ಹೊಸ ಊರು ಹುಡುಕುವುದೂ ಆ ಎರಡು ಗೋಲುಗಳಲ್ಲಿ ಅಡಗಿದೆ. ಹದಿನೈದು ದಿನಕ್ಕೊಮ್ಮೆ ಆಡುವವನು ಆ ಅಂತರವನ್ನು ತುಂಬಿಕೊಳ್ಳಲಾರ. ಆದ್ದರಿಂದ ಶಿಬಿರಕ್ಕೆ ಹೋಗುವ ಮುಂಚೆ ಆ ತಂಡದ ಕೋಚ್‌ಗೆ ಒಂದೇ ಪ್ರಶ್ನೆ ಕೇಳಿ: ಈ ಋತುವಿಗೆ ಮೇಲಿನ ತಂಡಗಳಿಂದ ಎಷ್ಟು ಗೋಲಿಗಳು ಬರುತ್ತಾರೆ? ಇಬ್ಬರು ಎಂದರೆ ನಿಮ್ಮ ಮಗ ಬರೀ ಅಭ್ಯಾಸದಲ್ಲಿ ಪಕ್ (ಆಟದ ಚಪ್ಪಟೆ ಬಿಲ್ಲೆ) ತಡೆಯಲು ಹೋಗುತ್ತಾನೆ. ಒಬ್ಬ ಎಂದರೆ ಅರ್ಧ ಬಾಗಿಲು ತೆರೆದಿದೆ.

ಉತ್ತರ: ಫಿಸಿಯೋಥೆರಪಿಸ್ಟ್

ಆಟದ ಲೆಕ್ಕ ನನಗೆ ತಿಳಿಯದು, ಸೊಂಟದ ಕೀಲಿನ ಬಗ್ಗೆ ಮಾತ್ರ ಹೇಳುತ್ತೇನೆ. ಈಗಿನ ಗೋಲಿಗಳು ‘ಬಟರ್‌ಫ್ಲೈ’ ಶೈಲಿಯವರು: ಎರಡೂ ಮಂಡಿಗಳನ್ನು ಒಟ್ಟಿಗೆ ಮಂಜಿಗೆ ಕೆಡವಿ, ಪಾದಗಳನ್ನು ಚಿಟ್ಟೆಯ ರೆಕ್ಕೆಯಂತೆ ಹೊರಗೆ ಚಾಚುತ್ತಾರೆ. ಅಭ್ಯಾಸವೂ ಸೇರಿದರೆ ದಿನಕ್ಕೆ ನೂರಾರು ಸಲ ತೊಡೆಯೆಲುಬು ಒಳಮುಖವಾಗಿ ತಿರುಗುತ್ತದೆ. ಕೀಲಿನ ಅಂಚಿನಲ್ಲಿ ಎಲುಬು ದಪ್ಪವಾಗಿ ಒಂದಕ್ಕೊಂದು ತಾಗತೊಡಗಿದರೆ ಒಳಗಿನ ಮೃದ್ವಸ್ಥಿಯ ಉಂಗುರ ಹರಿಯುತ್ತದೆ. ಇಪ್ಪತ್ತೆರಡು, ಇಪ್ಪತ್ತಮೂರರ ಹುಡುಗರು ಶೂ ಲೇಸು ಕಟ್ಟಲು ಕಾಲು ಮೇಲೆತ್ತಲಾರದೆ ನನ್ನ ಬಳಿ ಬಂದಿದ್ದಾರೆ. ಬಂದವರಲ್ಲಿ ಬಹುಪಾಲು ಜನ ಇಡೀ ಋತು ತೊಡೆಸಂದಿನ ನೋವನ್ನು ಮುಚ್ಚಿಟ್ಟವರು, ಏಕೆಂದರೆ ಬೆಂಚಿನಲ್ಲಿ ಇನ್ನೊಬ್ಬ ಕಾಯುತ್ತಿರುತ್ತಾನೆ. ಶಿಬಿರಕ್ಕೆ ಮುಂಚೆಯೇ ಕೀಲಿನ ಚಲನೆಯನ್ನು ಪರೀಕ್ಷಿಸಿ, ಅಗತ್ಯವಿದ್ದರೆ ಚಿತ್ರ ತೆಗೆಸಿ, ಅಳತೆಗಳನ್ನು ಬರೆದಿಟ್ಟುಕೊಳ್ಳಿ. ಮುಂದೆ ನೋವು ಬಂದಾಗ ಅದು ಹಳೆಯದೋ ಹೊಸದೋ ಎಂಬ ವಾದಕ್ಕೆ ಆ ಹಾಳೆ ಬೇಕಾಗುತ್ತದೆ.

ಉತ್ತರ: ಕಾಗದಪತ್ರಗಳ ಬಗ್ಗೆ, ಆಟಗಾರನೊಬ್ಬನ ಅಣ್ಣ

ಕೆನಡಾದ ಹುಡುಗರು ಅಮೆರಿಕದ ತಂಡಗಳಿಗೆ ಸಾಮಾನ್ಯವಾಗಿ ಕ್ರೀಡಾಪಟುಗಳ ಪಿ-1 ವೀಸಾದಲ್ಲಿ ಹೋಗುತ್ತಾರೆ. ಅದು ಆ ಆಟಕ್ಕೆಂದೇ ಕೊಟ್ಟದ್ದು. ಸಂಬಳ ಸಾಲದೆಂದು ಬಿಡುವಿನ ದಿನ ಅಂಗಡಿಯಲ್ಲೋ ಗೋದಾಮಿನಲ್ಲೋ ದುಡಿಯುವಂತಿಲ್ಲ. ನನ್ನ ತಮ್ಮನಿಗೆ ಇದು ಅಲ್ಲಿಗೆ ಹೋದ ಮೇಲೆ ತಿಳಿಯಿತು.

ಕಾಲೇಜು ಶುಲ್ಕದ ಒಪ್ಪಂದವನ್ನು ಸಾಲು ಸಾಲಾಗಿ ಓದಿ. ಎಷ್ಟು ಸಮಯದೊಳಗೆ ಓದು ಆರಂಭಿಸಬೇಕು, ವೃತ್ತಿಪರ ಒಪ್ಪಂದಕ್ಕೆ ಸಹಿ ಮಾಡಿದರೆ ಆ ಹಣ ಉಳಿಯುತ್ತದೆಯೇ ಎಂಬ ಎರಡು ಸಾಲುಗಳಿಗೆ ಮೊದಲು ಗುರುತು ಹಾಕಿ. ವೃತ್ತಿಪರ ಪಂದ್ಯವೊಂದನ್ನು ಆಡಿದವನು ಮತ್ತೆ ಕಾಲೇಜು ತಂಡದಲ್ಲಿ ಯಾವಾಗ ಆಡಬಹುದೆಂಬ ನಿಯಮವನ್ನೂ ಅಲ್ಲಿಯ ಕೋಚ್ ಅವರಿಂದ ಲಿಖಿತವಾಗಿ ಪಡೆಯಿರಿ, ಬಾಯಿಮಾತು ಬೇಡ. ಮೇಜರ್ ಜೂನಿಯರ್‌ನಲ್ಲಿ ಆಡಿದವರಿಗೆ ಅಮೆರಿಕದ ಕಾಲೇಜು ಹಾಕಿ ಬಹುಕಾಲ ಮುಚ್ಚಿತ್ತು. 2025ರ ಆಗಸ್ಟ್‌ನಿಂದ ಆ ನಿರ್ಬಂಧ ತೆಗೆದಿದ್ದಾರೆ. ಆ ದಾರಿಯನ್ನೂ ವಿಚಾರಿಸಬಹುದು. ಎಎಚ್‌ಎಲ್, ಇಸಿಎಚ್‌ಎಲ್ ಎರಡರ ಆಟಗಾರರಿಗೂ 1967ರಿಂದ ಇರುವ ಒಂದು ಸಂಘವಿದೆ, ಪಿಎಚ್‌ಪಿಎ ಎಂದು. ಅದರ ಕಚೇರಿ ಒಂಟಾರಿಯೊದಲ್ಲೇ ಇದೆ.

ಉತ್ತರ: ಓದನ್ನು ಆರಿಸಿಕೊಂಡವನು

ನಾನು ಶಿಬಿರ ಬಿಟ್ಟು ಓದಿಗೆ ಹೋದೆ, ಈಗ ಲೆಕ್ಕಪರಿಶೋಧಕ. ಓದು ಆರಿಸಿಕೊಂಡರೆ ಆಟ ಮುಗಿಯಿತೆಂದು ನಿಮ್ಮ ಮಗ ಭಾವಿಸಿದ್ದರೆ ಅದು ಪೂರ್ಣ ಸತ್ಯವಲ್ಲ. ಗೋಲಿಗಳಿಬ್ಬರೂ ಗಾಯಗೊಂಡರೆ ಇಳಿಸಲೆಂದು ಊರಿನ ಹವ್ಯಾಸಿ ಗೋಲಿಯೊಬ್ಬನನ್ನು ಸಿದ್ಧವಿಟ್ಟುಕೊಳ್ಳುವ ಪದ್ಧತಿಯಿದೆ. 2018ರ ಮಾರ್ಚ್‌ನಲ್ಲಿ ಷಿಕಾಗೊ ತಂಡಕ್ಕಾಗಿ ಹದಿನಾಲ್ಕು ನಿಮಿಷ ಆಡಿ ಬಂದ ಏಳೂ ಹೊಡೆತಗಳನ್ನು ತಡೆದ ಸ್ಕಾಟ್ ಫಾಸ್ಟರ್ ನನ್ನದೇ ವೃತ್ತಿಯವರು. 2020ರ ಫೆಬ್ರುವರಿ 22ರಂದು ಟೊರೊಂಟೊದಲ್ಲಿ ಕ್ಯಾರೊಲಿನಾ ತಂಡವನ್ನು ಗೆಲ್ಲಿಸಿದ ಡೇವಿಡ್ ಏರ್ಸ್ ಅವರಿಗೆ ಆಗ 42 ವರ್ಷ. ಅದು ಒಂದು ರಾತ್ರಿಯ ಅದೃಷ್ಟ, ವೃತ್ತಿಯಲ್ಲ, ನಿಜ. ನನ್ನ ಪಾಲಿಗೆ ಆ ರಾತ್ರಿ ಬಂದಿಲ್ಲ. ಎರಡು ಋತು ಇಸಿಎಚ್‌ಎಲ್ ರಿಂಕೊಂದರಲ್ಲಿ ಪ್ಯಾಡು ಕಾರಿನಲ್ಲಿಟ್ಟುಕೊಂಡು ಪಂದ್ಯ ನೋಡಿದ್ದೇನೆ.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ಕೃತಜ್ಞತೆಗಳು. ತರಬೇತುದಾರರು ಸೂಚಿಸಿದ ಪ್ರಶ್ನೆಯನ್ನು ಮಗನೇ ನಿನ್ನೆ ಫೋನಿನಲ್ಲಿ ಕೇಳಿದ. ಮೇಲಿನಿಂದ ಒಬ್ಬ ಬರುವುದು ಖಚಿತವಂತೆ, ಇನ್ನೊಬ್ಬನ ಬಗ್ಗೆ ಇನ್ನೂ ತೀರ್ಮಾನವಾಗಿಲ್ಲವಂತೆ; ಉಳಿಯಬಹುದಾದ ಒಂದು ಸ್ಥಾನಕ್ಕೆ ಮೂವರನ್ನು ಕರೆದಿದ್ದಾರೆ. ವಿಶ್ವವಿದ್ಯಾಲಯವು ಪ್ರವೇಶವನ್ನು ಜನವರಿಯವರೆಗೆ ಕಾದಿರಿಸಲು ಒಪ್ಪಿದೆ, ಅರ್ಹತೆಯ ನಿಯಮದ ಬಗ್ಗೆ ಅವರ ಪತ್ರಕ್ಕೆ ಕಾಯುತ್ತಿದ್ದೇವೆ. ಪತ್ರ ಅನುಕೂಲವಾಗಿ ಬಂದರೆ ಶಿಬಿರಕ್ಕೆ ಹೋಗಲಿ ಎಂದು ಪತ್ನಿಯೂ ಒಪ್ಪಿದ್ದಾಳೆ. ಸೊಂಟದ ಪರೀಕ್ಷೆಗೆ ಮುಂದಿನ ಮಂಗಳವಾರ ಸಮಯ ಸಿಕ್ಕಿದೆ. ಒಂದು ಸಂದೇಹ ಮಾತ್ರ ಉಳಿದಿದೆ: ಋತುವಿನ ನಡುವೆ ಬಿಡುಗಡೆ ಮಾಡಿದರೆ ಅವನು ಎಷ್ಟು ದಿನ ಕಾಯಬೇಕು?

ಉತ್ತರ: ಮೊದಲು ಬರೆದ ತಾಯಿ

ನನ್ನ ಮಗನಿಗೆ ಒಮ್ಮೆ ಮರುದಿನವೇ ಬೇರೆ ತಂಡದಿಂದ ಕರೆ ಬಂತು, ಇನ್ನೊಮ್ಮೆ ಆರು ವಾರ ಮನೆಯಲ್ಲಿದ್ದ. ಆ ಆರು ವಾರ ಅವನು ಸ್ಥಳೀಯ ಕಾಲೇಜು ತಂಡದ ಅಭ್ಯಾಸಕ್ಕೆ ಗೋಲಿಯಾಗಿ ಹೋಗುತ್ತಿದ್ದುದರಿಂದ ಕರೆ ಬಂದಾಗ ಕಾಲುಗಳು ಸಿದ್ಧವಾಗಿದ್ದವು. ನಿಮ್ಮ ವಿಶ್ವವಿದ್ಯಾಲಯದ ಕೋಚ್‌ಗೆ ಪತ್ರದ ಜೊತೆಗೆ ಇದನ್ನೂ ಈಗಲೇ ಕೇಳಿಡಿ.